ಚಿತ್ರದಲ್ಲಿ ಇಲ್ಲದವರು

ಅತಿಥಿಯಾಗಿ ಹೋದವನಿಗೆ ಕಾದಿರುವ ಸಂಕಟಗಳು ಮೂರು. ಹೊಟ್ಟೆ ತುಂಬಿತೆಂದು ಎರಡು ಕೈಗಳನ್ನೂ ಎಲೆಯ ಮೇಲೆ ಅಡ್ಡ ಹಿಡಿದರೂ ಬೆರಳ ಸಂದಿಯಿಂದ ಜಾರಿ ಬೀಳುವ ಹೋಳಿಗೆ ಮೊದಲನೆಯದು. ಆ ಮನೆಯ ಮಗು ಹೊಸದಾಗಿ ಕಲಿತ ಸಂಗೀತ ಎರಡನೆಯದು. ಆ ಮನೆಯವರು ತಾವೇ ತೆಗೆದ ತಮ್ಮ ಚಿತ್ರ ಮೂರನೆಯದು. ಹೋಳಿಗೆಗೆ ಹೊಟ್ಟೆಯ ಮಿತಿಯುಂಟು, ಸಂಗೀತಕ್ಕೆ ಮಗುವಿನ ಉಸಿರಿನ ಮಿತಿಯುಂಟು. ಚಿತ್ರಕ್ಕೆ ಮಾತ್ರ ಯಾವ ಮಿತಿಯೂ ಇಲ್ಲ. ಹಿಂದೆ ಮದುವೆಯ ವಿಡಿಯೋ ಕ್ಯಾಸೆಟ್ಟನ್ನು ಹಾಕಿ ಕೂರಿಸುತ್ತಿದ್ದರು. ಈಗ ಮೊಬೈಲನ್ನು ಮೂಗಿನ ಹತ್ತಿರಕ್ಕೆ ಹಿಡಿದು, “ಇದೊಂದು ನೋಡಿಬಿಡಿ, ಎರಡೇ ನಿಮಿಷ” ಎನ್ನುತ್ತಾರೆ. ಆ ಎರಡು ನಿಮಿಷಗಳ ಬೆನ್ನಿಗೆ ಇನ್ನೆರಡು ಬರುತ್ತವೆ. ಊಟಿಯ ದೋಣಿ, ಮಗುವಿನ ಮೊದಲ ಹೆಜ್ಜೆ, ಹೊಸ ಮನೆಯ ಹೊಸ್ತಿಲನ್ನು ದಾಟಲೊಲ್ಲದ ಹಸು, ಎಲ್ಲವನ್ನೂ ನೋಡಿ, “ಬಹಳ ಚೆನ್ನಾಗಿದೆ” ಎಂದು ಹೇಳಿ ಏಳುವ ಹೊತ್ತಿಗೆ ಕೊನೆಯ ಬಸ್ಸು ಹೊರಟುಹೋಗಿರುತ್ತದೆ.

ಇಂಥ ಚಿತ್ರಗಳನ್ನು ಇಂಗ್ಲಿಷ್ ಬಲ್ಲವರು ‘ಹೋಮ್ ಮೂವಿ’ ಎನ್ನುತ್ತಾರೆ. ನಾವು ಮನೆಚಿತ್ರ ಎನ್ನೋಣ. ಸಿನಿಮಾಕ್ಕೂ ಮನೆಚಿತ್ರಕ್ಕೂ ಇರುವ ಅಂತರ ಹಣದ್ದಲ್ಲ, ಯಂತ್ರದ್ದೂ ಅಲ್ಲ. ಸಿನಿಮಾ ಅಪರಿಚಿತರಿಗಾಗಿ ಸಿದ್ಧವಾಗುವಂಥದು. ಮನೆಚಿತ್ರ ಎಲ್ಲವನ್ನೂ ಮೊದಲೇ ಬಲ್ಲವರಿಗಾಗಿ. ಸಿನಿಮಾ ನೋಡುವಾಗ ನಾವು “ಮುಂದೇನು?” ಎಂದು ಕೇಳುತ್ತೇವೆ. ಮನೆಚಿತ್ರವನ್ನು ನೋಡುವಾಗ ಮುಂದೇನಾಯಿತೆಂಬುದು ನಮಗೆ ಗೊತ್ತು. ಒಮ್ಮೊಮ್ಮೆ ಬೇಕಾದುದಕ್ಕಿಂತ ಹೆಚ್ಚಾಗಿಯೇ ಗೊತ್ತು. ಆಗ ನಾವು ಕೇಳುವ ಪ್ರಶ್ನೆಗಳೇ ಬೇರೆ. “ಆ ಬಾಗಿಲ ಹತ್ತಿರ ನಿಂತವರು ಯಾರು?” “ಆ ಹಿತ್ತಾಳೆಯ ಕೊಳಗ ಈಗ ಯಾರ ಮನೆಯಲ್ಲಿದೆ?” “ಅಜ್ಜಿ ಆಗಲೇ ಕೋಲು ಹಿಡಿದಿದ್ದರೆ?” ಈ ಪ್ರಶ್ನೆಗಳ ಸಾಲಿನಲ್ಲಿ ಒಂದನ್ನು ಮಾತ್ರ ಸಾಮಾನ್ಯವಾಗಿ ಯಾರೂ ಕೇಳುವುದಿಲ್ಲ: ಇದನ್ನು ತೆಗೆದವರು ಯಾರು? ಈ ಲೇಖನವೆಲ್ಲ ಆ ಕೇಳದ ಪ್ರಶ್ನೆಯನ್ನು ಕುರಿತದ್ದು.

ಹಾಗೆ ನೋಡಿದರೆ ಮನೆಚಿತ್ರ ಸಿನಿಮಾದ ಬಡ ತಂಗಿಯಲ್ಲ. ಅದರ ಜೊತೆಯಲ್ಲಿ ಹುಟ್ಟಿದ ಅವಳಿ. ೧೮೯೫ರ ಡಿಸೆಂಬರ್ ೨೮ರಂದು ಪ್ಯಾರಿಸ್ಸಿನ ಗ್ರ್ಯಾಂಡ್ ಕಫೆಯಲ್ಲಿ ಲೂಮಿಯೇರ್ ಸಹೋದರರು ಹಣ ತೆತ್ತು ಬಂದ ಪ್ರೇಕ್ಷಕರಿಗೆ ತೋರಿಸಿದ ತುಣುಕುಗಳಲ್ಲಿ ಒಂದು ಮಗುವಿನ ಊಟದ ಚಿತ್ರ. ಅಣ್ಣ ಓಗ್ಯುಸ್ತ್ ಚಮಚದಲ್ಲಿ ತನ್ನ ಪುಟ್ಟ ಮಗಳಿಗೆ ಉಣಿಸುತ್ತಿದ್ದಾನೆ. ಪಕ್ಕದಲ್ಲಿ ಅವನ ಹೆಂಡತಿ ಬಟ್ಟಲಿಗೆ ಕಾಫಿ ಬಗ್ಗಿಸಿಕೊಳ್ಳುತ್ತಿದ್ದಾಳೆ. ಒಂದು ನಿಮಿಷವೂ ಇಲ್ಲದ ಚಿತ್ರ. ಇದರಲ್ಲಿ ಕಥೆಯಿಲ್ಲ, ವೇಷವಿಲ್ಲ, ನಟರಿಲ್ಲ; ನಮ್ಮ ನಿಮ್ಮ ಮನೆಯ ಜಗಲಿಯಲ್ಲಿ ಬೆಳಗ್ಗೆ ನಡೆಯುವುದೇ ಅಲ್ಲಿ ನಡೆಯುತ್ತದೆ. ಅಂದಿನ ಪ್ರೇಕ್ಷಕರು ಮಗುವಿಗಿಂತ ಹೆಚ್ಚಾಗಿ, ಹಿಂದೆ ಗಾಳಿಗೆ ಅಲುಗಾಡುತ್ತಿದ್ದ ಗಿಡದ ಎಲೆಗಳನ್ನು ಕಂಡು ಬೆರಗಾದರೆಂದು ಹೇಳುವುದುಂಟು. ನನ್ನ ಕುತೂಹಲ ಬೇರೆ. ಅಣ್ಣನಿದ್ದಾನೆ, ಅತ್ತಿಗೆಯಿದ್ದಾಳೆ, ಅಣ್ಣನ ಮಗಳಿದ್ದಾಳೆ. ತಮ್ಮ ಲೂಯಿ ಎಲ್ಲಿ? ಅವನು ಯಂತ್ರದ ಹಿಂದೆ ನಿಂತು ಹಿಡಿಯನ್ನು ತಿರುಗಿಸುತ್ತಿದ್ದಾನೆ. ಮೊದಲ ಮನೆಚಿತ್ರದಲ್ಲಿಯೇ ಮನೆಯ ಒಬ್ಬನು ಇಲ್ಲ. ಅಂದು ಹಾಕಿದ ಈ ಪದ್ಧತಿ ಇಂದಿನವರೆಗೂ ನಡೆದುಬಂದಿದೆ.

ಸಾಮಾನ್ಯರ ಕೈಗೆ ಈ ಯಂತ್ರ ಸಿಕ್ಕಲು ಇನ್ನೂ ಕಾಲು ಶತಮಾನ ಬೇಕಾಯಿತು. ಸಿನಿಮಾದ ಹಳೆಯ ಫಿಲ್ಮು ಬೆಂಕಿಗೆ ಅಣ್ಣ. ಅದನ್ನು ಮನೆಯೊಳಗೆ ಇಟ್ಟುಕೊಳ್ಳುವುದು ಒಲೆಯ ಪಕ್ಕದಲ್ಲಿ ಮದ್ದು ಒಣಗಿಸಿದಂತೆ. ೧೯೨೩ರಲ್ಲಿ ಕೊಡಾಕ್ ಕಂಪೆನಿ ಸುಲಭವಾಗಿ ಹೊತ್ತಿಕೊಳ್ಳದ ೧೬ ಮಿಲಿಮೀಟರ್ ಅಗಲದ ಫಿಲ್ಮನ್ನೂ ಅದಕ್ಕೆ ತಕ್ಕ ಕ್ಯಾಮೆರಾವನ್ನೂ ಮಾರುಕಟ್ಟೆಗೆ ತಂದಿತು. ೧೯೩೨ರಲ್ಲಿ, ಅಮೆರಿಕದಲ್ಲಿ ಹಣದ ಮುಗ್ಗಟ್ಟು ಕಠಿನವಾಗಿದ್ದಾಗ, ೮ ಮಿಲಿಮೀಟರಿನದು ಬಂತು. ಅದೇ ೧೬ ಮಿಲಿಮೀಟರಿನ ಪಟ್ಟಿಯನ್ನು ಒಂದು ಅಂಚಿನಲ್ಲಿ ಒಮ್ಮೆ, ಮಗುಚಿ ಹಾಕಿ ಇನ್ನೊಂದು ಅಂಚಿನಲ್ಲಿ ಒಮ್ಮೆ ಓಡಿಸಿ, ಬಳಿಕ ನಡುವೆ ಸೀಳುವುದು. ಒಂದೇ ಬಟ್ಟೆಯಲ್ಲಿ ಎರಡು ರವಿಕೆ ತೆಗೆಯುವ ಗೃಹಿಣಿಯ ಜಾಣತನವೇ ಇದು. ೧೯೩೫ರಲ್ಲಿ ಕೊಡಾಕ್ರೋಮ್ ಎಂಬ ಬಣ್ಣದ ಫಿಲ್ಮು ಬಂತು. ಅದನ್ನು ಕಂಡುಹಿಡಿದ ಮ್ಯಾನಿಸ್, ಗೊಡೌಸ್ಕಿ ಇಬ್ಬರೂ ವೃತ್ತಿಯಿಂದ ಸಂಗೀತಗಾರರು. ೧೯೬೫ರಲ್ಲಿ ಬಂದ ‘ಸೂಪರ್ ೮’ ಇನ್ನೂ ಸುಲಭ: ಡಬ್ಬಿಯನ್ನು ಕ್ಯಾಮೆರಾದೊಳಗೆ ತಳ್ಳಿದರಾಯಿತು. ಒಂದು ಡಬ್ಬಿಯಲ್ಲಿ ೫೦ ಅಡಿ ಫಿಲ್ಮು. ಓಡುವ ಕಾಲ ಸುಮಾರು ೩ ನಿಮಿಷ ೨೦ ಸೆಕೆಂಡು. ಒಂದು ಮದುವೆಗೆ ಒಂದೇ ಡಬ್ಬಿಯಿದ್ದವನು ಧಾರೆಯನ್ನು ತೆಗೆಯಲೋ, ಹೆಣ್ಣನ್ನು ಕಳುಹಿಸಿಕೊಡುವುದನ್ನು ತೆಗೆಯಲೋ ಎಂದು ಹತ್ತು ಸಲ ಯೋಚಿಸಬೇಕಾಗಿತ್ತು.

ನಮ್ಮ ದೇಶದಲ್ಲಿ ಬಹುಕಾಲ ಇದು ದೊರೆಗಳ, ದೊರೆಸಾನಿಯರ ಹವ್ಯಾಸವಾಗಿತ್ತು. ಭಾರತದಲ್ಲಿ ಅಧಿಕಾರಿಗಳಾಗಿಯೋ ತೋಟದ ಒಡೆಯರಾಗಿಯೋ ಇದ್ದ ಬ್ರಿಟಿಷ್ ಕುಟುಂಬಗಳು ತೆಗೆದ ಅನೇಕ ಚಿತ್ರಗಳನ್ನು ಕೇಂಬ್ರಿಜ್ ವಿಶ್ವವಿದ್ಯಾಲಯದ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರ ಸಂಗ್ರಹಿಸಿಟ್ಟಿದೆ. ಉದ್ಯಾನದ ಔತಣ, ಬೇಟೆ, ಕುದುರೆ ಸವಾರಿ, ಮಕ್ಕಳ ಆಟ ಇಂಥ ಚಿತ್ರಗಳ ನಿತ್ಯದ ವಸ್ತು. ತೆಗೆದವನು ನೋಡಿದ್ದು ತನ್ನ ಮಗುವನ್ನು. ಆದರೆ ಮಗುವನ್ನು ಎತ್ತಿಕೊಂಡ ಆಯಾ, ಕುದುರೆಯ ಹಗ್ಗ ಹಿಡಿದ ಆಳು, ಇವರೂ ಚಿತ್ರದ ಅಂಚಿನಲ್ಲಿ ಬಂದು ನಿಲ್ಲುತ್ತಾರೆ. ಕ್ಯಾಮೆರಾ ಹಿಡಿದವನು ಕಾಣದೆ ಬಿಟ್ಟದ್ದನ್ನೂ ಕ್ಯಾಮೆರಾ ಕಂಡಿತು. ನಮ್ಮಂಥವರ ಮನೆಗಳಿಗೆ ಕದಲುವ ಚಿತ್ರ ಬಂದದ್ದು ೧೯೮೦ರ ದಶಕದ ವಿಡಿಯೋದೊಡನೆ. ಅದೂ ಮೊದಲು ಮದುವೆಯ ಛತ್ರದೊಳಕ್ಕೆ, ಕಣ್ಣು ಕೋರೈಸುವ ದೀಪ ಹಿಡಿದ ಹುಡುಗನನ್ನು ಮುಂದಿಟ್ಟುಕೊಂಡು. ಸ್ವಂತ ಕ್ಯಾಮೆರಾ ಎಂಬುದು ಮಧ್ಯಮ ವರ್ಗದವರಿಗೆ ಕೊಲ್ಲಿ ದೇಶಗಳಿಂದ ಬರುವ ನೆಂಟರ ಪೆಟ್ಟಿಗೆಯಲ್ಲಿ ಅಡಗಿರುತ್ತಿದ್ದ ವಸ್ತು.

ನಮ್ಮ ಮನೆಗೆ ಬಂದದ್ದೂ ಹಾಗೆಯೇ. ೧೯೯೪ರಲ್ಲಿ ಸೋದರಮಾವ ಮಸ್ಕತ್ತಿನಿಂದ ಬಂದಾಗ ತಾವು ಬಳಸಿ ಬಿಟ್ಟ ವಿಡಿಯೋ ಕ್ಯಾಮೆರಾವನ್ನು ನಮ್ಮ ತಂದೆಯವರಿಗೆ ಕೊಟ್ಟು ಹೋದರು. ತಂದೆಯವರು ಬ್ಯಾಂಕಿನ ನೌಕರರು. ಮಿತಭಾಷಿ ಎಂದರೆ ಕಡಿಮೆಯೇ. ದಿನಕ್ಕೆ ಇಷ್ಟು ಮಾತೆಂದು ಅವರು ಎಲ್ಲಿಯೋ ಖಾತೆ ತೆರೆದಿದ್ದಾರೆ, ಅದರಲ್ಲಿ ಬಾಕಿ ಉಳಿಸುವುದೇ ಅವರ ಸಂತೋಷ ಎಂದು ತಾಯಿಯವರು ಹೇಳುವುದಿತ್ತು. ಅಂಥವರು ಆ ಯಂತ್ರವನ್ನು ಹೇಗೆ ಮೆಚ್ಚಿದರೋ! ಆಗ ನಾವು ಸಾಗರದಲ್ಲಿದ್ದೆವು. ಮುಂದಿನ ಏಳು ವರ್ಷಗಳಲ್ಲಿ, ಎರಡು ಊರುಗಳಿಗೆ ವರ್ಗವಾಗುವ ನಡುವೆ, ಅವರು ಹನ್ನೊಂದು ಕ್ಯಾಸೆಟ್ಟುಗಳನ್ನು ತುಂಬಿಸಿದರು. ಪ್ರತಿಯೊಂದರ ಬೆನ್ನಿಗೂ ಲೆಡ್ಜರಿನ ಅಕ್ಷರದಲ್ಲಿ ವಿವರ: ‘ಯುಗಾದಿ’, ‘ಜೋಗ, ನೀರು ಕಡಿಮೆ’, ‘ಅಕ್ಷರಾಭ್ಯಾಸ’. ಆಮೇಲೆ ಕ್ಯಾಮೆರಾ ಕೆಟ್ಟಿತು. ಕ್ಯಾಸೆಟ್ಟುಗಳು ಟ್ರಂಕು ಸೇರಿದವು. ೨೦೧೯ರಲ್ಲಿ ತಂದೆಯವರು ತೀರಿಕೊಂಡರು.

ವರ್ಷಾಂತಿಕ ಮುಗಿದ ಮೇಲೆ ಒಂದು ದಿನ ತಾಯಿಯವರು, “ಆ ಟ್ರಂಕಿನಲ್ಲಿ ಅವರಿದ್ದಾರಲ್ಲ, ಒಮ್ಮೆ ತೆಗೆದು ತೋರಿಸಿ” ಎಂದರು. ಗೋಡೆಗೆ ಹಾಕಿದ ಪಟದಲ್ಲಿ ತಂದೆಯವರ ಮುಖವುಂಟು. ಅವರ ನಡಿಗೆ ಇಲ್ಲ, ನಗು ಇಲ್ಲ. ಅವೆರಡೂ ಟ್ರಂಕಿನಲ್ಲಿವೆಯೆಂದು ನಾವೆಲ್ಲರೂ ನಂಬಿದ್ದೆವು. ಬೆಂಗಳೂರಿನ ಅಂಗಡಿಯೊಂದರಲ್ಲಿ ಹಳೆಯ ಟೇಪುಗಳನ್ನು ಕಂಪ್ಯೂಟರಿಗೆ ಇಳಿಸಿಕೊಡುತ್ತಿದ್ದರು. ಹನ್ನೊಂದರಲ್ಲಿ ಒಂದಕ್ಕೆ ಮಲೆನಾಡಿನ ಮಳೆಗಾಲ ಬೂಷ್ಟು ಹಿಡಿಸಿ ಕೈಗೆ ಸಿಕ್ಕದಂತೆ ಮಾಡಿತ್ತು, ಹತ್ತು ಉಳಿದವು. ಒಂದು ಭಾನುವಾರ ಅಕ್ಕ, ತಮ್ಮ, ನಾನು, ತಾಯಿಯವರು ಬೆಳಗಿನ ತಿಂಡಿ ಮುಗಿಸಿ ಕುಳಿತೆವು. ಸಂಜೆಯ ದೀಪ ಹಚ್ಚುವ ಹೊತ್ತಿಗೆ ಎಲ್ಲವನ್ನೂ ನೋಡಿಯಾಗಿತ್ತು.

ತಂದೆಯವರು ಎಲ್ಲಿಯೂ ಇರಲಿಲ್ಲ.

ಹನ್ನೆರಡು ಗಂಟೆಗೂ ಮೀರಿದ ಚಿತ್ರವನ್ನು ಬೇಕಾದೆಡೆ ನಿಲ್ಲಿಸಿ, ಕೆಲವೆಡೆ ಓಡಿಸಿ ನೋಡಿದ್ದೆವು. ನಾವಿದ್ದೆವು, ನೆರೆಯವರಿದ್ದರು, ಹಾಲು ತರುತ್ತಿದ್ದವನಿದ್ದ, ನಮ್ಮ ನಾಯಿಯೂ ಇತ್ತು. ಕ್ಯಾಮೆರಾವನ್ನು ಇನ್ನೊಬ್ಬರ ಕೈಗೆ ಕೊಡುವುದು ಅವರ ಜಾಯಮಾನವಲ್ಲ; “ಬೀಳಿಸುತ್ತೀರಿ” ಎನ್ನುತ್ತಿದ್ದರು. ಅವರು ನಮಗೆ ಸಿಕ್ಕಿದ್ದು ಚೂರುಚೂರಾಗಿ. ಜೋಗದ ಬಂಡೆಯ ಮೇಲೆ ಸಂಜೆಯ ಬಿಸಿಲಿನಲ್ಲಿ ಉದ್ದಕ್ಕೆ ಬಿದ್ದ ನೆರಳು, ಮೊಣಕೈ ಎತ್ತಿದ ನೆರಳು, ಅದು ಅವರದು. ಯುಗಾದಿಯ ಪೂಜೆಯ ನಡುವೆ ಒಂದು ಕೆಮ್ಮು ಅವರದು. “ಈ ಕಡೆ”, “ಸಾಕು”, “ಹ್ಞಾಂ”, ಇವು ಮೂರು ಅವರ ಮಾತುಗಳು. ತಾಯಿಯವರು ಏನೂ ಹೇಳದೆ ಎದ್ದು ಒಳಕ್ಕೆ ಹೋದರು. ಸತ್ತವರನ್ನು ಇನ್ನೊಮ್ಮೆ ಕಳೆದುಕೊಂಡಂತಿತ್ತು ಆ ಸಂಜೆ.

ವಿಷಯ ಅಲ್ಲಿಗೇ ಮುಗಿಯುತ್ತಿತ್ತೋ ಏನೋ. ಮುಗಿಯದಂತೆ ಮಾಡಿದವಳು ಅಕ್ಕ. ಯಾವ ಕ್ಯಾಸೆಟ್ಟಿನಲ್ಲಿ ಏನಿದೆಯೆಂದು ಪಟ್ಟಿ ಮಾಡುವುದಕ್ಕಾಗಿ ಅವಳು ಎರಡನೆಯ ಸಲ, ಮೂರನೆಯ ಸಲ ನೋಡಿದಳು. ಒಂದು ರಾತ್ರಿ ನನ್ನನ್ನು ಕರೆದು, “ತಮ್ಮನ ಅಕ್ಷರಾಭ್ಯಾಸವನ್ನು ಇನ್ನೊಮ್ಮೆ ನೋಡು, ತಮ್ಮನನ್ನು ನೋಡಬೇಡ” ಎಂದಳು. ನೋಡಿದೆ. ಹರಿವಾಣದಲ್ಲಿ ಅಕ್ಕಿ ಹರಡಿದೆ. ಪುರೋಹಿತರು ತಮ್ಮನ ಬೆರಳು ಹಿಡಿದಿದ್ದಾರೆ. ಎಲ್ಲರ ಕಣ್ಣೂ ಆ ಬೆರಳಿನ ಮೇಲೆ. ಅಷ್ಟರಲ್ಲಿ ಚಿತ್ರ ಮೆಲ್ಲಗೆ ಬಲಕ್ಕೆ ಜಾರುತ್ತದೆ. ಅಡಿಗೆಯ ಮನೆಯ ಬಾಗಿಲಲ್ಲಿ ತಾಯಿಯವರು, ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತ, ಹೊಗೆಗೆ ಕೆಂಪಾದ ಕಣ್ಣುಗಳಿಂದ ಮಗುವನ್ನು ನೋಡುತ್ತ ನಿಂತಿದ್ದಾರೆ. ಚಿತ್ರ ಅಲ್ಲಿ ನಿಲ್ಲುತ್ತದೆ. ಮಗು ಮೊದಲ ಅಕ್ಷರ ಬರೆದದ್ದು ನಮಗೆ ಕೇಳಿಸುತ್ತದೆ, ಕಾಣಿಸುವುದಿಲ್ಲ. ತಾಯಿಯವರು ಥಟ್ಟನೆ ಇದನ್ನು ಗಮನಿಸಿ, “ನನ್ನನ್ನೇಕೆ? ಮಗುವನ್ನು ತೆಗೆಯಿರಿ” ಎಂದು ಕೈ ಬೀಸುತ್ತಾರೆ. ಚಿತ್ರ ವಿಧೇಯವಾಗಿ ಹಿಂದಿರುಗುತ್ತದೆ.

ಅಕ್ಕನ ಪಟ್ಟಿಯಲ್ಲಿ ಅಂಥವು ಇಪ್ಪತ್ತಮೂರು ಇದ್ದವು. ಯುಗಾದಿಯಲ್ಲಿ, ದೀಪಾವಳಿಯಲ್ಲಿ, ಜೋಗದ ಜಲಪಾತದ ಎದುರಿನಲ್ಲಿಯೂ ಕೂಡ, ಚಿತ್ರ ತಾನು ನೋಡಬೇಕಾದುದನ್ನು ಬಿಟ್ಟು ತಾಯಿಯವರ ಕಡೆಗೆ ಜಾರಿತ್ತು, ಸಿಕ್ಕಿಬಿದ್ದಾಗಲೆಲ್ಲ ಹಿಂದಿರುಗಿತ್ತು. ಇಪ್ಪತ್ತಮೂರನ್ನೂ ಒಂದರ ಹಿಂದೊಂದು ಜೋಡಿಸಿ ತಾಯಿಯವರಿಗೆ ತೋರಿಸಿದೆವು. ಅವರು ಕನ್ನಡಕವನ್ನು ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಬಹಳ ಹೊತ್ತಾದ ಮೇಲೆ, “ಆ ಹಸಿರು ಸೀರೆ ಚೆನ್ನಾಗಿದೆಯೆಂದು ಒಂದು ಮಾತು ಹೇಳಿದ್ದರೆ ಇನ್ನೂ ಎರಡು ವರ್ಷ ಉಡುತ್ತಿದ್ದೆ” ಎಂದರು. ಅದರಲ್ಲಿ ನಗುವೂ ಇತ್ತು, ನಗುವಲ್ಲದ್ದೂ ಇತ್ತು. ಮೂವತ್ತೈದು ವರ್ಷದ ದಾಂಪತ್ಯದಲ್ಲಿ ಬಾಯಿಗೆ ಬಾರದ ಮಾತು ಟ್ರಂಕಿನಲ್ಲಿ ಉಳಿದಿತ್ತು.

ಅಂದಿನಿಂದ ನನಗೆ ಒಂದು ನಂಬಿಕೆ ಹುಟ್ಟಿದೆ. ಮನೆಚಿತ್ರವೆಂಬುದು ಚಿತ್ರದಲ್ಲಿ ಇರುವವರ ಚರಿತ್ರೆ ಹೌದು. ಅದಕ್ಕಿಂತ ಹೆಚ್ಚಾಗಿ ಅದು ಚಿತ್ರದಲ್ಲಿ ಇಲ್ಲದವರ ಆತ್ಮಕಥೆ. ನಾವು ಒಬ್ಬರ ಮುಖವನ್ನು ಕಾಣಬಹುದು, ದನಿಯನ್ನು ಕೇಳಬಹುದು. ಆದರೆ ಅವರ ಕಣ್ಣಿನೊಳಗಿನಿಂದ ಅವರು ಕಂಡದ್ದನ್ನು ಕಾಣುವ ಅವಕಾಶ ಬೇರೆಲ್ಲಿಯೂ ಇಲ್ಲ. ವಚನಕಾರರ ಅಂಕಿತವನ್ನು ನೆನೆಯಿರಿ. ಅದು ರಚಿಸಿದವರ ಹೆಸರಲ್ಲ, ಅವರು ಒಲಿದ ದೈವದ ಹೆಸರು. ಆದರೂ ಕೂಡಲಸಂಗಮದೇವ ಎಂದೊಡನೆ ಬಸವಣ್ಣನವರೂ ಚೆನ್ನಮಲ್ಲಿಕಾರ್ಜುನ ಎಂದೊಡನೆ ಅಕ್ಕಮಹಾದೇವಿಯೂ ಕಣ್ಣ ಮುಂದೆ ನಿಲ್ಲುತ್ತಾರೆ. ಹೋಲಿಕೆ ದೊಡ್ಡದಾಯಿತೆಂದು ಬಲ್ಲೆ. ಆದರೆ ಒಲಿದುದನ್ನು ಹೇಳಿ ತನ್ನನ್ನು ಹೇಳಿಕೊಳ್ಳುವ ರೀತಿ ಇದೇ ಅಲ್ಲವೆ?

ಇದು ಒಂದು ಮನೆಯ ಮಾತಾಯಿತು. ಇಂಥ ಚಿತ್ರಗಳಿಂದ ಲೋಕಕ್ಕೇನು ಪ್ರಯೋಜನ ಎಂದು ವಾಚಕರು ಕೇಳಬಹುದು. ಎರಡು ಉದಾಹರಣೆಗಳು ಸಾಕು.

ಎರಡನೆಯ ಮಹಾಯುದ್ಧದಲ್ಲಿ ಜಪಾನ್ ಶತ್ರುವಾದೊಡನೆ ಅಮೆರಿಕ ತನ್ನಲ್ಲಿಯೇ ನೆಲೆಸಿದ್ದ ಜಪಾನೀ ಮೂಲದ ಸುಮಾರು ೧,೨೦,೦೦೦ ಜನರನ್ನು ಮನೆ ಬಿಡಿಸಿ ಶಿಬಿರಗಳಲ್ಲಿ ಕೂಡಿಹಾಕಿತು. ಅವರಲ್ಲಿ ಬಹುಮಂದಿ ಅಮೆರಿಕದ ಪ್ರಜೆಗಳೇ. ಕ್ಯಾಮೆರಾ ಇಟ್ಟುಕೊಳ್ಳಲು ಅವರಿಗೆ ಅನುಮತಿಯಿರಲಿಲ್ಲ. ಯೂಟಾ ಸಂಸ್ಥಾನದ ಮರುಭೂಮಿಯಲ್ಲಿದ್ದ ಟೋಪಾಜ್ ಶಿಬಿರದಲ್ಲಿ ಸಹಕಾರಿ ಅಂಗಡಿಯನ್ನು ನೋಡಿಕೊಳ್ಳುತ್ತಿದ್ದ ಡೇವ್ ತತ್ಸುನೋ ಎಂಬುವರು, ತಮ್ಮ ಹವ್ಯಾಸವನ್ನೇ ಹಂಚಿಕೊಂಡಿದ್ದ ಮೇಲಧಿಕಾರಿಯೊಬ್ಬರ ನೆರವಿನಿಂದ, ತಮ್ಮ ೮ ಮಿಲಿಮೀಟರ್ ಕ್ಯಾಮೆರಾವನ್ನು ಗುಟ್ಟಾಗಿ ತರಿಸಿಕೊಂಡರು. ಅವರು ಅನ್ಯಾಯವನ್ನು ಸಾಧಿಸಿ ತೋರಿಸಲು ಹೊರಟವರಲ್ಲ. ಹಿಮದಲ್ಲಿ ಆಡುವ ಮಕ್ಕಳು, ದೂಳಿನಲ್ಲಿ ನಡೆಯುವ ಹಿರಿಯರು, ಹಬ್ಬಕ್ಕೆ ಬೇಯಿಸಿದ ಅಕ್ಕಿಯನ್ನು ಕುಟ್ಟುವವರು, ಇವರನ್ನು ಬಣ್ಣದಲ್ಲಿ ತೆಗೆದರು. ಮನೆಯನ್ನು ಕಸಿದುಕೊಂಡ ಮೇಲೂ ಸಂಸಾರವನ್ನು ಹೂಡುವ ಜನರ ಚಿತ್ರ ಅದು. ೧೯೯೬ರಲ್ಲಿ ಅಮೆರಿಕದ ಕಾಂಗ್ರೆಸ್ ಗ್ರಂಥಾಲಯ ಅದನ್ನು ರಾಷ್ಟ್ರೀಯ ಚಲಚ್ಚಿತ್ರ ದಾಖಲೆಗೆ ಸೇರಿಸಿತು. ಅದಕ್ಕೆ ಎರಡು ವರ್ಷ ಮೊದಲು ಅಲ್ಲಿ ಸೇರಿದ್ದ ಮನೆಚಿತ್ರ, ೧೯೬೩ರಲ್ಲಿ ಅಧ್ಯಕ್ಷ ಕೆನೆಡಿಯವರ ಹತ್ಯೆಯನ್ನು ಅಕಸ್ಮಾತ್ತಾಗಿ ಸೆರೆಹಿಡಿದ ಜಪ್ರೂಡರರದು. ಅದರ ಉದ್ದ ಅರ್ಧ ನಿಮಿಷಕ್ಕೂ ಕಡಿಮೆ. ಬಟ್ಟೆಯ ವ್ಯಾಪಾರಿಯೊಬ್ಬರ ಕೈಯಲ್ಲಿದ್ದ ಆಟದ ವಸ್ತು ಒಂದು ದೇಶದ ಚರಿತ್ರೆಗೆ ಸಾಕ್ಷಿಯಾಯಿತು.

ಇನ್ನೊಂದು ಪೋಲೆಂಡಿನದು. ೧೯೩೮ರ ಬೇಸಗೆಯಲ್ಲಿ, ಅಮೆರಿಕಕ್ಕೆ ಹೋಗಿ ನೆಲೆಸಿದ್ದ ಡೇವಿಡ್ ಕುರ್ಟ್ಸ್ ಎಂಬುವರು ಯೂರೋಪಿನ ಪ್ರವಾಸದಲ್ಲಿ ತಾವು ಹುಟ್ಟಿದ ನಶೆಲ್ಸ್ಕ್ ಎಂಬ ಸಣ್ಣ ಪಟ್ಟಣಕ್ಕೂ ಹೋಗಿ ಸುಮಾರು ಮೂರು ನಿಮಿಷಗಳ ಚಿತ್ರ ತೆಗೆದರು. ಕ್ಯಾಮೆರಾವನ್ನು ಕಂಡ ಮಕ್ಕಳು ಒಬ್ಬರನ್ನೊಬ್ಬರು ತಳ್ಳಿಕೊಂಡು ಮುಂದಕ್ಕೆ ಬರುತ್ತಾರೆ, ನಗುತ್ತಾರೆ, ಟೊಪ್ಪಿಗೆ ಸರಿಪಡಿಸಿಕೊಳ್ಳುತ್ತಾರೆ. ಮರುವರ್ಷ ಯುದ್ಧ ಬಂತು. ಆ ಊರಿನ ಸುಮಾರು ೩,೦೦೦ ಯೆಹೂದ್ಯರಲ್ಲಿ ಬದುಕಿ ಉಳಿದವರು ನೂರು ಜನರೂ ಇಲ್ಲ. ೨೦೦೯ರಲ್ಲಿ ಅವರ ಮೊಮ್ಮಗ ಗ್ಲೆನ್ ಕುರ್ಟ್ಸ್ ತಮ್ಮ ತಂದೆತಾಯಿಯರ ಮನೆಯ ಕಪಾಟಿನಲ್ಲಿ ಆ ರೀಲನ್ನು ಕಂಡರು. ಅಷ್ಟು ಹೊತ್ತಿಗೆ ಅದು ಕೆಟ್ಟು ಗಟ್ಟಿಯಾಗಿತ್ತು. ತಜ್ಞರು ಬಹಳ ಪ್ರಯಾಸದಿಂದ ಬಿಡಿಸಿದರು. ಅದನ್ನು ನೋಡಿದ ಒಬ್ಬ ಮಹಿಳೆ ಗುಂಪಿನಲ್ಲಿದ್ದ ಹದಿಮೂರರ ಹುಡುಗನಲ್ಲಿ ತನ್ನ ಅಜ್ಜನನ್ನು ಗುರುತಿಸಿದಳು. ಆ ಅಜ್ಜ ಇನ್ನೂ ಬದುಕಿದ್ದರು! ಅವರು ಒಂದೊಂದು ಮುಖಕ್ಕೂ ಹೆಸರು ಹುಡುಕಲು ನೆರವಾದರು. ೨೦೨೧ರಲ್ಲಿ ಬಿಯಾಂಕಾ ಸ್ಟಿಗ್ಟರ್ ಎಂಬ ಡಚ್ ನಿರ್ದೇಶಕಿ ಈ ಮೂರು ನಿಮಿಷಗಳನ್ನೇ ಹಿಂದೆ ಮುಂದೆ ಮಾಡಿ, ನಿಲ್ಲಿಸಿ, ಒಂದು ಗಂಟೆಯನ್ನು ಮೀರಿದ ಚಿತ್ರವನ್ನು ರಚಿಸಿದರು. ಪ್ರವಾಸಿಯೊಬ್ಬನು ತನ್ನ ಹುಟ್ಟೂರನ್ನು ಪ್ರೀತಿಯಿಂದ ನೋಡಿದ ಮೂರು ನಿಮಿಷ. ಒಂದು ಊರಿಗೆ ಊರೇ ಅದರಲ್ಲಿ ಉಳಿಯಿತು.

ಚರಿತ್ರೆಯೆಂದು ಒಪ್ಪಬಹುದು, ಕಲೆಯೆಂದು ಹೇಗೆ ಒಪ್ಪುವುದು ಎಂಬ ಪ್ರಶ್ನೆ ಉಳಿಯುತ್ತದೆ. ಇದು ನಮ್ಮ ಆಲಂಕಾರಿಕರಲ್ಲಿಯೇ ಇದ್ದ ಹಳೆಯ ಜಗಳ. ಇದ್ದುದನ್ನು ಇದ್ದಂತೆ ಹೇಳುವುದಕ್ಕೆ ಸ್ವಭಾವೋಕ್ತಿಯೆಂದು ಹೆಸರು. ದಂಡಿ ‘ಕಾವ್ಯಾದರ್ಶ’ದಲ್ಲಿ ಅಲಂಕಾರಗಳ ಪಂಕ್ತಿಯಲ್ಲಿ ಅದಕ್ಕೇ ಮೊದಲ ಮಣೆ ಹಾಕಿದ. ‘ವಕ್ರೋಕ್ತಿಜೀವಿತ’ದ ಕುಂತಕ ಒಪ್ಪಲಿಲ್ಲ: ವಸ್ತುವಿನ ಸ್ವಭಾವವೇ ಅಲಂಕಾರವಾದರೆ, ಅಲಂಕರಿಸಿಕೊಳ್ಳುವುದಕ್ಕೆ ಉಳಿಯುವುದೇನು ಎಂದ. ತರಗತಿಯಲ್ಲಿ ಈ ವಾದವನ್ನು ವಿವರಿಸುವಾಗ ನಾನು ವಿದ್ಯಾರ್ಥಿಗಳಿಗೆ ಮಗುವನ್ನು ತೆಗೆಯುವ ತಾಯಿಯ ಉದಾಹರಣೆ ಕೊಡುತ್ತೇನೆ. ಮಗುವಿನ ಓಟದಲ್ಲಿ ತಾಯಿ ಏನನ್ನೂ ಸೇರಿಸಿಲ್ಲ. ಆದರೆ ಎಲ್ಲಿ ನಿಂತು ನೋಡಬೇಕು, ಎಷ್ಟು ಹೊತ್ತು ನೋಡಬೇಕು, ಯಾವಾಗ ಸಾಕೆನ್ನಬೇಕು, ಇವು ಅವಳ ನಿರ್ಧಾರಗಳು. ಕಲೆ ಒಳಕ್ಕೆ ಬರುವುದು ಆ ಬಾಗಿಲಿನಿಂದ.

ಆ ಬಾಗಿಲನ್ನು ಅಗಲವಾಗಿ ತೆರೆದವರು ಯೋನಸ್ ಮೇಕಸ್. ಲಿಥುವೇನಿಯದ ಹಳ್ಳಿಯೊಂದರಲ್ಲಿ ೧೯೨೨ರಲ್ಲಿ ಹುಟ್ಟಿದ ಈ ರೈತನ ಮಗ, ಕವಿ, ಯುದ್ಧಕಾಲದಲ್ಲಿ ದೇಶ ಬಿಟ್ಟು, ಜರ್ಮನಿಯ ದುಡಿಮೆಯ ಶಿಬಿರದಲ್ಲಿಯೂ ಬಳಿಕ ನಿರಾಶ್ರಿತರ ಶಿಬಿರಗಳಲ್ಲಿಯೂ ಇದ್ದು, ೧೯೪೯ರಲ್ಲಿ ನ್ಯೂಯಾರ್ಕ್ ಸೇರಿದರು. ಬಂದ ಕೆಲವು ವಾರಗಳಲ್ಲಿಯೇ ಸಾಲ ಮಾಡಿ ಬೋಲೆಕ್ಸ್ ಕ್ಯಾಮೆರಾ ಕೊಂಡರು. ದಿನಚರಿ ಬರೆಯುವವರು ಬರೆಯುವಂತೆ ದಿನದಿನವೂ ಚಿತ್ರ ತೆಗೆದರು. ಇಪ್ಪತ್ತೇಳು ವರ್ಷಗಳ ಬಳಿಕ, ೧೯೭೧ರಲ್ಲಿ, ತಾಯಿಯನ್ನು ನೋಡಲು ಊರಿಗೆ ಹೋದಾಗ ತೆಗೆದದ್ದು ಮರುವರ್ಷ ‘ಲಿಥುವೇನಿಯ ಯಾತ್ರೆಯ ನೆನಪುಗಳು’ ಎಂಬ ಅರ್ಥದ ಹೆಸರಿನಲ್ಲಿ ಹೊರಬಂತು. ಅಂಗಳದಲ್ಲಿ ಬೆಂಕಿ ಹೂಡಿ ಅಡಿಗೆ ಮಾಡುವ ಮುದುಕಿ, ಹೊಲ, ಹಳೆಯ ಹಾಡು ಹೇಳುವ ಬಂಧುಗಳು, ಅಷ್ಟೇ. ಚಿತ್ರ ನಡುಗುತ್ತದೆ, ಹಾರುತ್ತದೆ, ರೆಪ್ಪೆ ಬಡಿದಂತೆ ಮಾಯವಾಗಿ ಮತ್ತೆ ಬರುತ್ತದೆ. ಸಿನಿಮಾದ ವ್ಯಾಕರಣ ಬಲ್ಲವರು ಇದನ್ನು ದೋಷವೆನ್ನಬಹುದು. ಕಾಲು ಶತಮಾನದ ಮೇಲೆ ತಾಯಿಯನ್ನು ಕಂಡ ಮಗನ ಕೈ ನಡುಗದಿದ್ದರೆ ಅದು ದೋಷವೆಂದು ನನಗೆ ತೋರುತ್ತದೆ. ತಮ್ಮ ಎಪ್ಪತ್ತೆಂಟನೆಯ ವಯಸ್ಸಿನಲ್ಲಿ, ೨೦೦೦ದಲ್ಲಿ, ಮೂವತ್ತು ವರ್ಷಗಳ ಮನೆಯ ತುಣುಕುಗಳನ್ನು ಜೋಡಿಸಿ ಸುಮಾರು ಐದು ಗಂಟೆಯ ಚಿತ್ರವೊಂದನ್ನು ಅವರು ಹೊರತಂದರು. ಹುಟ್ಟುಹಬ್ಬ, ಮಗುವಿನ ಮೊದಲ ಹೆಜ್ಜೆ, ಉದ್ಯಾನದ ಊಟ; ನಮ್ಮ ಆತಿಥೇಯರು ಮೊಬೈಲಿನಲ್ಲಿ ತೋರಿಸುವುದೂ ಇವನ್ನೇ ಅಲ್ಲವೆ? ೨೦೧೯ರಲ್ಲಿ ತೀರಿಕೊಳ್ಳುವವರೆಗೂ ಅವರು ಕ್ಯಾಮೆರಾವನ್ನು ಕೆಳಗಿಡಲಿಲ್ಲ.

ಈಗ ಕ್ಯಾಮೆರಾ ಎಲ್ಲರ ಜೇಬಿನಲ್ಲಿಯೂ ಇದೆ. ೩ ನಿಮಿಷ ೨೦ ಸೆಕೆಂಡಿನ ಕಟ್ಟು ಇಲ್ಲ. ತೆಗೆಯುವುದಕ್ಕೆ ಖರ್ಚಿಲ್ಲ, ಅಳಿಸುವುದಕ್ಕೂ ಖರ್ಚಿಲ್ಲ. ಒಂದು ನಾಮಕರಣಕ್ಕೆ ನಲವತ್ತು ಜನ ತೆಗೆಯುತ್ತಾರೆ; ಮಗುವಿನ ಹೆಸರನ್ನು ಕೇಳಿಸಿಕೊಂಡವರು ನಾಲ್ಕೇ ಜನ. ಹಿಂದಿನದನ್ನು ಹೊಗಳಿ ಇಂದಿನದನ್ನು ಹಳಿಯುವುದು ನನ್ನ ಉದ್ದೇಶವಲ್ಲ. ಬಡವರ ಮನೆಯ ಅಜ್ಜಿಯ ನಗುವೂ ಇಂದು ಉಳಿಯುತ್ತಿದೆಯೆಂಬುದು ಸಣ್ಣ ಮಾತಲ್ಲ. ಆದರೆ ಉಳಿಯುವುದೆಂದರೆ ಎಲ್ಲಿ, ಎಷ್ಟು ದಿನ? ಕೊಡಾಕ್ರೋಮ್ ಫಿಲ್ಮನ್ನು ಸಂಸ್ಕರಿಸುತ್ತಿದ್ದ ಕೊನೆಯ ಪ್ರಯೋಗಶಾಲೆ, ಅಮೆರಿಕದ ಕ್ಯಾನ್ಸಸ್ ಸಂಸ್ಥಾನದ ಸಣ್ಣ ಊರೊಂದರದು, ೨೦೧೦ರ ಡಿಸೆಂಬರಿನ ಬಳಿಕ ಹೊಸ ರೀಲುಗಳನ್ನು ಸ್ವೀಕರಿಸಲಿಲ್ಲ. ಮನೆಮನೆಯಲ್ಲಿದ್ದ ವಿಡಿಯೋ ಕ್ಯಾಸೆಟ್ ಯಂತ್ರವನ್ನು ತಯಾರಿಸುತ್ತಿದ್ದ ಜಪಾನಿನ ಕೊನೆಯ ಕಂಪೆನಿ ೨೦೧೬ರಲ್ಲಿ ಆ ಕೆಲಸ ನಿಲ್ಲಿಸಿತು. ಟೇಪು ಉಳಿದರೂ ಓದುವ ಯಂತ್ರವಿಲ್ಲ. ಲಿಪಿ ಬಲ್ಲವರಿಲ್ಲದ ಶಾಸನದಂತೆ. ನಮ್ಮ ಮೊಬೈಲಿನ ಗತಿಯೂ ನಾಳೆ ಅದೇ ಆಗದೆಂದು ಹೇಳುವವರು ಯಾರು? ಇದನ್ನು ಮನಗಂಡ ದಾಖಲೆಪಾಲಕರು ‘ಹೋಮ್ ಮೂವಿ ಡೇ’ ಎಂಬ ದಿನವನ್ನು ನಡೆಸಿಕೊಂಡು ಬಂದಿದ್ದಾರೆ. ಅಮೆರಿಕದಲ್ಲಿ ಮೊದಲಾದದ್ದು ಹಲವು ದೇಶಗಳಿಗೆ ಹಬ್ಬಿದೆ. ಜನ ತಮ್ಮ ಅಟ್ಟದ ಮೇಲಿನ ರೀಲುಗಳನ್ನು ತರುತ್ತಾರೆ. ತಿಳಿದವರು ಪರೀಕ್ಷಿಸಿ, ಓಡಿಸಿ ತೋರಿಸುತ್ತಾರೆ. ಉಳಿಸಿಕೊಳ್ಳುವ ಬಗೆ ಹೇಳಿಕೊಡುತ್ತಾರೆ. ನಮ್ಮ ಊರುಗಳಲ್ಲಿಯೂ ಇಂಥದೊಂದು ನಡೆದರೆ ನಷ್ಟವೇನು? ಮಳೆಗಾಲಕ್ಕೆ ಮೊದಲು ನಡೆದರೆ ಒಳ್ಳೆಯದು. ಬೂಷ್ಟಿಗೆ ಪಂಚಾಂಗ ಗೊತ್ತು.

ಓಲೆಗರಿಯ ಕಟ್ಟುಗಳನ್ನು ಬಿಚ್ಚಿ ನೋಡಿದವರು ಬಲ್ಲರು: ಕಾವ್ಯ ಮುಗಿದ ಮೇಲೆ ಕೊನೆಯ ಗರಿಯಲ್ಲಿ ಲಿಪಿಕಾರನು ತನ್ನ ಹೆಸರನ್ನೂ ಬರೆದು ಮುಗಿಸಿದ ದಿನವನ್ನೂ ಗುರುತಿಸಿ, ಬೆನ್ನು ಬಾಗಿಸಿ ಬರೆದದ್ದನ್ನು ನೀರು ಸೋಕದಂತೆ ಕಾಪಾಡಿರೆಂದು ಕೋರುವ ಪದ್ಧತಿಯಿತ್ತು. ಕಾವ್ಯ ಅವನದಲ್ಲ, ಅವನು ಕೈ ಮಾತ್ರ. ಆದರೂ ಆ ಕೈಯನ್ನು ಮರೆಯಬಾರದೆಂದು ನಮ್ಮ ಹಿರಿಯರು ಎರಡು ಸಾಲಿನ ಜಾಗ ಬಿಟ್ಟಿದ್ದರು. ಮನೆಚಿತ್ರಗಳನ್ನು ಕಾಪಿಡುವವರಲ್ಲಿ ನನ್ನ ಪ್ರಾರ್ಥನೆಯೂ ಅಷ್ಟೇ. ಚಿತ್ರದಲ್ಲಿ ಇರುವವರ ಹೆಸರು, ಊರು, ವರ್ಷ ಇವನ್ನು ಬರೆದಿಡಿ; ಬರೆಯುವಷ್ಟು ನೆನಪಿರುವವರು ಇನ್ನೂ ಮನೆಯಲ್ಲಿರುವಾಗಲೇ ಬರೆದಿಡಿ. ಕೊನೆಯ ಸಾಲಿನಲ್ಲಿ ಇನ್ನೊಂದು ಹೆಸರು ಸೇರಿಸಿ: ತೆಗೆದವರು ಇಂಥವರು ಎಂದು. ಮೂವತ್ತು ವರ್ಷಗಳ ಮೇಲೆ ಯಾರೋ ಮೊಮ್ಮಗಳು ಅದನ್ನು ಓದಿ, ನಿಮ್ಮ ಮುಖವನ್ನು ಹುಡುಕುವುದನ್ನು ಬಿಟ್ಟು, ನೀವು ಏನನ್ನು ನೋಡುತ್ತಿದ್ದಿರಿ ಎಂದು ನೋಡಲಿ.